ಕರ್ನಲ್ ಮೆಕೆಂಜಿಯ ನಕ್ಷೆ ಮತ್ತು ನಮ್ಮ ಮನೆಯ ಚಕ್ಕುಬಂದಿ

ನಾನು ಇತಿಹಾಸಕಾರನಲ್ಲ. ಇತಿಹಾಸ ವಿಷಯದಲ್ಲಿ ಬಿ.ಎ. ಮುಗಿಸಿ, ಬ್ಯಾಂಕಿನ ಪರೀಕ್ಷೆ ಬರೆದು, ಕಳೆದ ಇಪ್ಪತ್ತು ವರ್ಷಗಳಿಂದ ಗುಮಾಸ್ತನಾಗಿ ದುಡಿಯುತ್ತಿರುವವನು. ಹಾಗಿದ್ದೂ ಇನ್ನೂರು ವರ್ಷಗಳ ಹಿಂದೆ ಮೈಸೂರು ಸೀಮೆಯ ನಕ್ಷೆ ಬರೆದ ಒಬ್ಬ ವಿದ್ವಾಂಸನ ವಿಚಾರ ಬರೆಯಲು ಕುಳಿತಿದ್ದೇನೆಂದರೆ, ಅದಕ್ಕೆ ಕಾರಣ ನನ್ನ ಕೌಂಟರಿಗೆ ಬಂದ ಒಂದು ಹಳೆಯ ಆಧಾರ.

ಉಪ್ಪಳದ ಕಡೆಯ ಹಿರಿಯರೊಬ್ಬರು ಕೃಷಿ ಸಾಲಕ್ಕೆ ಅರ್ಜಿ ಕೊಟ್ಟಿದ್ದರು. ಎಪ್ಪತ್ತೈದು ದಾಟಿದ ವಯಸ್ಸು. ಜಾಗದ ಮೂಲ ಆಧಾರ 1938ನೆಯ ಇಸವಿಯದು, ಕನ್ನಡದಲ್ಲಿ ಬರೆದದ್ದು. ಕಾಗದಪತ್ರ ಪರಿಶೀಲಿಸುವವರಿಗೆ ಕನ್ನಡ ಬಾರದು. ಭಾಷಾಂತರ ಬೇಕೆಂದು ಕಡತ ಹಿಂದೆ ಬಂತು. ಒಂದು ಸಲವಲ್ಲ, ಎರಡು ಸಲ. ಅಷ್ಟರಲ್ಲಿ ಅಡಿಕೆಗೆ ಮದ್ದು ಬಿಡುವ ಹೊತ್ತು ಬಂದು ಹೋಯಿತು. ಕೊನೆಗೆ ಒಂದು ಶನಿವಾರ ನಾನೇ ಅವರನ್ನು ಪಕ್ಕದಲ್ಲಿ ಕುಳ್ಳಿರಿಸಿಕೊಂಡು ಆಧಾರವನ್ನು ಅಕ್ಷರ ಅಕ್ಷರವಾಗಿ ಓದಿದೆ. ಹಳೆಯ ಮೋಡಿ ಕೈಬರಹ. ಅಲ್ಲಲ್ಲಿ ಶಾಯಿ ಮಾಸಿತ್ತು. ಚಕ್ಕುಬಂದಿಯ ಭಾಗ ಮಾತ್ರ ಸ್ಪಷ್ಟವಾಗಿತ್ತು: ಪೂರ್ವಕ್ಕೆ ನಾಗಬನದ ಅಗಳು, ದಕ್ಷಿಣಕ್ಕೆ ಮಳೆಗಾಲದಲ್ಲಿ ನೀರು ಹರಿಯುವ ತೋಡು, ಪಶ್ಚಿಮಕ್ಕೆ ಸರಕಾರಿ ಮಾರ್ಗದ ಬದಿಯ ಗೋಳಿಮರ, ಉತ್ತರಕ್ಕೆ ಕೆಳಮನೆಯವರ ಬೆಟ್ಟುಗದ್ದೆ.

ಆಧಾರದ ಜೊತೆಗೆ ಈಗಿನ ಸರ್ವೆಯ ನಕ್ಷೆಯೂ ಇತ್ತು. ಅದರಲ್ಲಿ ಗೆರೆಗಳಿದ್ದುವು, ನಂಬರುಗಳಿದ್ದುವು, ಮೀಟರಿನ ಲೆಕ್ಕವಿತ್ತು. ಗ್ರಾಮದ ಹೆಸರು ಅವರು ಹೇಳುವ ಹಾಗೆ ಇರಲಿಲ್ಲ, ಬೇರೊಂದು ಕಾಗುಣಿತದಲ್ಲಿತ್ತು. ಹಿರಿಯರು ಕನ್ನಡಕ ಏರಿಸಿ ಬಹಳ ಹೊತ್ತು ಅದನ್ನು ನೋಡಿದರು. ಆಮೇಲೆ, "ನನ್ನ ಜಾಗ ಇದರಲ್ಲಿ ಉಂಟು ಮಾರಾಯ್ರೆ, ನೀವು ಹೇಳುವುದು ಸರಿ. ಆದರೆ ನನ್ನ ಊರು ಎಲ್ಲಿ ಉಂಟು?" ಎಂದು ಕೇಳಿದರು.

ನನ್ನಲ್ಲಿ ಉತ್ತರವಿರಲಿಲ್ಲ. ಅದೇ ವಾರ ಏಳನೆಯ ತರಗತಿಯಲ್ಲಿ ಓದುವ ನನ್ನ ಮಗಳು ಯಾವುದೋ ಕತೆಪುಸ್ತಕ ಹಿಡಿದುಕೊಂಡು ಬಂದಳು. ಅದರಲ್ಲಿ ಒಬ್ಬ ಪಂಡಿತ ಮಾಯೆಯ ನಕ್ಷೆ ಬರೆಯುತ್ತಾನಂತೆ. ಅವನು ಕಾಗದದ ಮೇಲೆ ಹೊಳೆ ಅಳಿಸಿದರೆ ನೆಲದ ಮೇಲೆ ಹೊಳೆ ಬತ್ತುತ್ತದೆ. ಗೆರೆ ಎಳೆದರೆ ಊರು ಎರಡಾಗುತ್ತದೆ. "ನಿಜವಾಗಿ ಅಂಥವರು ಇದ್ದರಾ ಅಪ್ಪಾ?" ಎಂದು ಕೇಳಿದಳು. ಕಾಸರಗೋಡಿನಲ್ಲಿ ಹುಟ್ಟಿದವನು ಈ ಪ್ರಶ್ನೆಗೆ ಇಲ್ಲವೆಂದು ಹೇಗೆ ಹೇಳಲಿ? ಕಾಲೇಜಿನಲ್ಲಿದ್ದಾಗ ಅಧ್ಯಾಪಕರೊಬ್ಬರು ಹೇಳಿದ್ದ ಕರ್ನಲ್ ಕಾಲಿನ್ ಮೆಕೆಂಜಿಯ ನೆನಪಾಯಿತು. ಹಳೆಯ ಪುಸ್ತಕಗಳನ್ನು ಮತ್ತೆ ತೆರೆದೆ.

ಸುಂಕದ ಕಚೇರಿಯಿಂದ ಮದರಾಸಿಗೆ

ಮೆಕೆಂಜಿ ಹುಟ್ಟಿದ್ದು 1754ರ ಸುಮಾರಿಗೆ, ಸ್ಕಾಟ್ಲೆಂಡಿನ ವಾಯುವ್ಯಕ್ಕಿರುವ ಲೂಯಿಸ್ ದ್ವೀಪದ ಸ್ಟೋರ್ನೊವೇ ಎಂಬ ಬಂದರು ಪೇಟೆಯಲ್ಲಿ. ಅಲ್ಲಿನ ಜನರ ಮನೆಮಾತು ಗೇಲಿಕ್. ರಾಜ್ಯದ ವ್ಯವಹಾರ ಇಂಗ್ಲಿಷಿನಲ್ಲಿ. ಮನೆಯಲ್ಲೊಂದು ಮಾತು, ಕಚೇರಿಯಲ್ಲೊಂದು ಮಾತು ಎಂಬ ಬದುಕು ನಮ್ಮಂಥವರಿಗೆ ಹೊಸತಲ್ಲ. ತರುಣನಾಗಿದ್ದಾಗ ಅವನು ಊರಿನ ಸುಂಕದ ಕಚೇರಿಯಲ್ಲಿ ಕೆಲಸಕ್ಕಿದ್ದ. ಮುಂದೆ ಇಡೀ ಭಾರತದ ಸರ್ವೇಯರ್ ಜನರಲ್ ಆದ ಮನುಷ್ಯ ಲೆಕ್ಕದ ಪುಸ್ತಕದ ಮುಂದೆ ಕುಳಿತೇ ಬದುಕು ಆರಂಭಿಸಿದವನು ಎಂದು ಓದಿದಾಗ, ನಿಜ ಹೇಳಬೇಕೆಂದರೆ, ನನಗೆ ಸ್ವಲ್ಪ ಖುಷಿಯಾಯಿತು.

ಅವನಿಗೆ ಗಣಿತದ ಹುಚ್ಚು. ಲಾಗರಿತಮ್ ಕಂಡುಹಿಡಿದ ಜಾನ್ ನೇಪಿಯರನ ವಂಶದ ಲಾರ್ಡ್ ನೇಪಿಯರ್ ಎಂಬವರು ತಮ್ಮ ಹಿರಿಯರ ಜೀವನಚರಿತ್ರೆ ಬರೆಯುವ ಸಿದ್ಧತೆಯಲ್ಲಿದ್ದರು. ಹಿಂದೂಗಳ ಗಣಿತದ ಬಗ್ಗೆ ವಿಷಯ ಸಂಗ್ರಹಿಸುವ ಕೆಲಸದಲ್ಲಿ ಈ ತರುಣ ಅವರಿಗೆ ನೆರವಾದ. 1783ರಲ್ಲಿ ಈಸ್ಟ್ ಇಂಡಿಯಾ ಕಂಪೆನಿಯ ಸೈನ್ಯ ಸೇರಿ ಮದರಾಸಿಗೆ ಬಂದಿಳಿದಾಗ ಅವನ ವಯಸ್ಸು ಮೂವತ್ತರ ಹತ್ತಿರ. ಮತ್ತೆ ಅವನು ತನ್ನ ದ್ವೀಪವನ್ನು ನೋಡಲಿಲ್ಲ.

ಬಂದ ಮೊದಲ ಹದಿಮೂರು ವರ್ಷ ಯುದ್ಧ, ಕೋಟೆ, ರಸ್ತೆ ಎಂಬ ಇಂಜಿನಿಯರ್ ಕೆಲಸದಲ್ಲೇ ಕಳೆಯಿತು. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದು ಟಿಪ್ಪು ಸುಲ್ತಾನ ಮಡಿದಾಗ ಅವನೂ ಆ ಸೈನ್ಯದಲ್ಲಿದ್ದ. ಗೆದ್ದ ನಾಡನ್ನು ಹಂಚಿಕೊಂಡ ಮೇಲೆ ಕಂಪೆನಿಗೆ ಒಂದು ಸಂಗತಿ ತಿಳಿಯಿತು: ತಾನು ಹಂಚಿದ ನೆಲ ಎಷ್ಟು ದೊಡ್ಡದು, ಅಲ್ಲಿ ಎಷ್ಟು ಊರುಗಳಿವೆ ಎಂಬುದು ತನಗೇ ಗೊತ್ತಿಲ್ಲ! ಹಾಗೆ ಮೈಸೂರು ಸೀಮೆಯ ಅಳತೆಯ ಕೆಲಸ ಮೆಕೆಂಜಿಯ ಪಾಲಿಗೆ ಬಂತು.

ನೆಲ ಅಳೆದ ಬಗೆ

ಆ ಕಾಲದಲ್ಲಿ ನಾಡನ್ನು ಅಳೆಯುತ್ತಿದ್ದ ವಿಧಾನವನ್ನು ಇಲ್ಲಿ ಸರಳವಾಗಿ ಹೇಳಬಹುದು. ಮೊದಲು ಸಪಾಟಾದ ನೆಲದಲ್ಲಿ ಕೆಲವು ಮೈಲಿ ಉದ್ದದ ಒಂದು ಗೆರೆಯನ್ನು ಸರಪಳಿಯಿಂದ ಬಹಳ ಎಚ್ಚರದಲ್ಲಿ ಅಳೆಯಬೇಕು. ಆ ಗೆರೆಯ ಎರಡು ತುದಿಗಳಲ್ಲಿ ನಿಂತು ದೂರದ ಬೆಟ್ಟದ ಮೇಲೆ ನೆಟ್ಟ ಬಾವುಟವನ್ನು ಥಿಯೋಡೊಲೈಟ್ ಎಂಬ ಯಂತ್ರದಿಂದ ನೋಡಿ ಕೋನ ಗುರುತಿಸಬೇಕು. ಒಂದು ಬದಿ ಮತ್ತು ಎರಡು ಕೋನ ಸಿಕ್ಕಿದರೆ ತ್ರಿಕೋನದ ಉಳಿದ ಎರಡು ಬದಿಗಳ ಉದ್ದ ಲೆಕ್ಕದಿಂದಲೇ ಸಿಗುತ್ತದೆ. ಸಿಕ್ಕಿದ ಬದಿಯನ್ನು ಆಧಾರ ಮಾಡಿಕೊಂಡು ಇನ್ನೊಂದು ತ್ರಿಕೋನ. ಹೀಗೆ ಬೆಟ್ಟದಿಂದ ಬೆಟ್ಟಕ್ಕೆ, ಕಾಲಿಟ್ಟು ಅಳೆಯದೆಯೇ ನಾಡಿನ ಅಳತೆ ಸಾಗುತ್ತದೆ.

ನೋಡುವವರಿಗೆ ಇದು ಮಾಟದಂತೆ ಕಂಡಿದ್ದರೆ ಆಶ್ಚರ್ಯವಿಲ್ಲ. ದೂರದರ್ಶಕದಲ್ಲಿ ಆಕೃತಿಗಳು ತಲೆಕೆಳಗಾಗಿ ಕಾಣುತ್ತಿದ್ದುವು. ಬಿಳಿಯರ ಯಂತ್ರ ಹೆಂಗಸರನ್ನು ತಲೆಕೆಳಗಾಗಿ ನೋಡುತ್ತದೆ, ಗೋಡೆಯ ಆಚೆಯನ್ನೂ ನೋಡುತ್ತದೆ ಎಂಬ ಗುಲ್ಲು ಸರ್ವೆಯವರು ಹೋದಲ್ಲೆಲ್ಲ ಹಬ್ಬುತ್ತಿತ್ತು. ಬಾವುಟ ನೆಟ್ಟ ಬೆಟ್ಟಕ್ಕೆ ಏನೋ ಆಗುತ್ತದೆ ಎಂಬ ಹೆದರಿಕೆಯೂ ಇತ್ತು. ಅಳತೆಯ ಹಿಂದೆಯೇ ಹೊಸ ತೆರಿಗೆ ಬರುತ್ತದೆ ಎಂಬ ಹೆದರಿಕೆ ಮಾತ್ರ ಬರಿಯ ಭ್ರಮೆಯಾಗಿರಲಿಲ್ಲ.

ಅದೇ ವರ್ಷಗಳಲ್ಲಿ ವಿಲಿಯಂ ಲ್ಯಾಂಬ್ಟನ್ ಎಂಬ ಇನ್ನೊಬ್ಬ ಅಧಿಕಾರಿ 1802ರಲ್ಲಿ ಮದರಾಸಿನಿಂದ ತೊಡಗಿ, ಬೆಂಗಳೂರಿನ ಮಾರ್ಗವಾಗಿ, ಘಟ್ಟದ ಶಿಖರಗಳಿಂದ ನಮ್ಮ ಮಂಗಳೂರು ಕರಾವಳಿಯವರೆಗೆ ತ್ರಿಕೋನಗಳ ಸಾಲನ್ನು ತಂದ. ಕಡಲಿನಿಂದ ಕಡಲಿಗೆ 400 ಮೈಲಿ ಎಂದು ಅಲ್ಲಿಯವರೆಗಿನ ನಕ್ಷೆಗಳು ಹೇಳುತ್ತಿದ್ದುವು. ಲ್ಯಾಂಬ್ಟನನ ಲೆಕ್ಕದಲ್ಲಿ ಅದು 360 ಆಯಿತು. 40 ಮೈಲಿ ಅಗಲದ ನಾಡೇ ಮಾಯವಾಯಿತು! ಅಲ್ಲಿದ್ದ ಒಂದು ತೆಂಗಿನಮರವೂ ಅಲುಗಲಿಲ್ಲ, ಒಬ್ಬರ ಮನೆಯೂ ಬೀಳಲಿಲ್ಲ. ಇಲ್ಲದೇ ಇದ್ದ ನೆಲ ಕಾಗದದಿಂದ ಹೋಯಿತು, ಅಷ್ಟೇ. ನಕ್ಷೆಯ ಮಾಯೆ ಎಂದರೆ ಇದು. ಇಲ್ಲದ್ದನ್ನು ಅದು ನೂರಾರು ವರ್ಷ ಉಳಿಸಿಕೊಳ್ಳಬಲ್ಲುದು. ಇರುವುದನ್ನು ತೋರಿಸದೆಯೂ ಇರಬಲ್ಲುದು.

ನಕ್ಷೆಯ ಪಕ್ಕದ ಪುಸ್ತಕ

ಮೆಕೆಂಜಿ ಲ್ಯಾಂಬ್ಟನನಂತೆ ಬರಿಯ ಗಣಿತಜ್ಞನಾಗಿ ಉಳಿಯಲಿಲ್ಲ. ಅವನ ಮಟ್ಟಿಗೆ ನಕ್ಷೆಯೆಂದರೆ ಗೆರೆ ಮಾತ್ರವಲ್ಲ. ಪ್ರತಿಯೊಂದು ಸೀಮೆಯ ನಕ್ಷೆಯ ಜೊತೆಗೂ ಒಂದು ವಿವರಣೆಯ ಪುಸ್ತಕ ಇರಬೇಕೆಂಬುದು ಅವನ ಹಟ. ಊರೆಷ್ಟು, ಕೆರೆಯೆಷ್ಟು, ಯಾವ ಜನ, ಯಾವ ಬೆಳೆ, ಯಾವ ದೇವಸ್ಥಾನ, ಯಾವ ಅರಸರು ಆಳಿದರು, ಊರಿಗೆ ಈ ಹೆಸರು ಹೇಗೆ ಬಂತು ಎಂಬುದೆಲ್ಲ ಆ ಪುಸ್ತಕದಲ್ಲಿರಬೇಕು. ಸುಮಾರು 40,000 ಚದರ ಮೈಲಿಯ ನಾಡನ್ನು ಅವನು ಹೀಗೆ ಅಳೆಯಿಸಿದ. ನಡುವೆ ಕಂಪೆನಿ ಖರ್ಚು ಕಡಿಮೆ ಮಾಡಲು ಆಜ್ಞೆ ಕಳುಹಿಸಿತು. ಚರಿತ್ರೆಯ ಸಂಗ್ರಹದ ಬಹುಪಾಲು ವೆಚ್ಚವನ್ನು ಅವನು ಕೈಯಿಂದಲೇ ಹಾಕಿದ.

ಸೋಜಿಗವೆಂದರೆ ಮೆಕೆಂಜಿಗೆ ನಮ್ಮ ಭಾಷೆಗಳಲ್ಲಿ ಒಂದೂ ಸರಿಯಾಗಿ ಬರುತ್ತಿರಲಿಲ್ಲ. ಹಾಗಾದರೆ ಈ ಕೆಲಸ ಮಾಡಿದವರು ಯಾರು? ಅದನ್ನು ಅವನೇ ಹೇಳಿದ್ದಾನೆ. 1796ರಲ್ಲಿ ಏಲೂರಿನ ಕಾವಲಿ ವೆಂಕಟ ಬೋರಯ್ಯ ಎಂಬ ತೆಲುಗು ಬ್ರಾಹ್ಮಣ ತರುಣನ ಪರಿಚಯವಾದಂದಿನಿಂದ ಈ ನಾಡಿನ ವಿದ್ಯೆಯ ಬಾಗಿಲು ತನಗೆ ತೆರೆಯಿತೆಂಬ ಅರ್ಥದ ಮಾತನ್ನು ಅವನು ಕೃತಜ್ಞತೆಯಿಂದ ಬರೆದಿದ್ದಾನೆ. ಬೋರಯ್ಯ ಊರೂರು ತಿರುಗಿದ. ಶಾಸನಗಳನ್ನು ನಕಲು ಮಾಡಿಸಿದ. ಹೆದರಿದವರಿಗೆ ಧೈರ್ಯ ಹೇಳಿ ಮನೆಯ ಓಲೆಗರಿಗಳನ್ನು ಹೊರಗೆ ತರಿಸಿದ. 1803ರಲ್ಲಿ, ಇನ್ನೂ ಮೂವತ್ತು ತುಂಬುವ ಮೊದಲೇ, ತೀರಿಕೊಂಡ. ಅವನ ತಮ್ಮ ಲಕ್ಷ್ಮಯ್ಯ ಆ ಕೆಲಸವನ್ನು ಮುಂದುವರಿಸಿದ.

ಕನ್ನಡದ ಮಟ್ಟಿಗೆ ನೆನೆಯಬೇಕಾದವನು ಧರ್ಮಯ್ಯ. ಚಾಮರಾಜನಗರದ ಕಡೆಯ ಮಲೆಯೂರಿನ ಜೈನ ಪಂಡಿತ. ಬೇರೆಯವರು ಬಿಟ್ಟುಬಿಟ್ಟ ಹಳಗನ್ನಡ ಶಾಸನಗಳನ್ನು ಅವನು ಓದಬಲ್ಲವನಾಗಿದ್ದ. ಮುಂದೆ 'ರಾಜಾವಳಿ ಕಥೆ'ಯನ್ನು ಬರೆದ ದೇವಚಂದ್ರನೂ ಆ ಊರಿನ ಕಡೆಯವನೇ. 1804ರಲ್ಲಿ ಮೆಕೆಂಜಿಯ ಪರಿವಾರ ಅಲ್ಲಿಗೆ ಬಂದಾಗ ಇವನ ಭೇಟಿಯಾಯಿತು. ಹಳೆಯ ಸಂಗತಿಗಳನ್ನು ಬರೆದುಕೊಡು ಎಂಬ ಸಾಹೇಬನ ಮಾತೇ ಆ ಕೃತಿಯ ಬೀಜವಾಯಿತೆನ್ನುತ್ತಾರೆ. ಕನ್ನಡ ಸಾಹಿತ್ಯ ಚರಿತ್ರೆಯ ಎಷ್ಟೋ ಕವಿಗಳ ಕತೆಗಳು ನಮಗೆ ತಿಳಿದದ್ದು ಆ ಪುಸ್ತಕದಿಂದ.

ಇವರು ಸಂಗ್ರಹಿಸಿದ ಊರ ವೃತ್ತಾಂತಗಳಿಗೆ ಕೈಫಿಯತ್ತುಗಳೆಂದು ಹೆಸರು. ಕೈಫಿಯತ್ತು ಎಂದರೆ ಸ್ಥಿತಿಗತಿ, ಹೇಳಿಕೆ. ಶಾನುಭೋಗರ ಕಡತ, ದೇವಸ್ಥಾನದ ಲೆಕ್ಕ, ಹಿರಿಯರ ಬಾಯಿಮಾತು ಮೂರನ್ನೂ ಸೇರಿಸಿ ಬರೆದದ್ದು. ಅದರಲ್ಲಿ ನಿಜವೂ ಉಂಟು, ಪುರಾಣವೂ ಉಂಟು. ಪಾಂಡವರು ಒಂದು ರಾತ್ರಿ ತಂಗಿದ ಗುಡ್ಡ, ಹಸು ಹಾಲು ಸುರಿಸಿದ ಹುತ್ತ, ಬೇಟೆಗೆ ಬಂದ ಪಾಳೆಯಗಾರನ ನಾಯಿಯನ್ನೇ ಮೊಲ ಅಟ್ಟಿಸಿಕೊಂಡು ಹೋದ ಜಾಗ: ಇಂಥವು ಕೈಫಿಯತ್ತುಗಳಲ್ಲಿ ಮತ್ತೆ ಮತ್ತೆ ಬರುತ್ತವೆ. ಶಿಸ್ತಿನ ಇತಿಹಾಸಕಾರರು ಇವನ್ನು ಜರಡಿ ಹಿಡಿಯುತ್ತಾರೆ, ಹಿಡಿಯಬೇಕು. ಆದರೆ ಊರಿನವರು ತಮ್ಮ ಊರನ್ನು ಏನೆಂದು ತಿಳಿದಿದ್ದರು ಎಂಬುದಕ್ಕೆ ಅದಕ್ಕಿಂತ ಒಳ್ಳೆಯ ಸಾಕ್ಷಿ ಬೇರೆ ಯಾವುದಿದೆ?

ಚಿತ್ರದಲ್ಲಿ ನಮ್ಮ ಕಾರ್ಕಳ

ಮೆಕೆಂಜಿ 1810ರಲ್ಲಿ ಮದರಾಸಿನ, 1815ರಲ್ಲಿ ಇಡೀ ಭಾರತದ ಸರ್ವೇಯರ್ ಜನರಲ್ ಆದ. 1816ರಲ್ಲಿ ಥಾಮಸ್ ಹಿಕಿ ಎಂಬ ಚಿತ್ರಕಾರ ಮದರಾಸಿನಲ್ಲಿ ಅವನ ತೈಲಚಿತ್ರ ಬರೆದ. ಅದು ಈಗ ಲಂಡನ್ನಿನ ಬ್ರಿಟಿಷ್ ಲೈಬ್ರರಿಯಲ್ಲಿದೆ. ಕೆಂಪು ಅಂಗಿ ತೊಟ್ಟು ನಿಂತ ಮೆಕೆಂಜಿಯ ಸುತ್ತ ಮೂವರು ಭಾರತೀಯರಿದ್ದಾರೆ. ಒಬ್ಬನ ಕೈಯಲ್ಲಿ ದೂರದರ್ಶಕ, ಇನ್ನೊಬ್ಬನ ಕೈಯಲ್ಲಿ ಓಲೆಗರಿ. ಅವರಲ್ಲೊಬ್ಬ ಧರ್ಮಯ್ಯ ಎನ್ನುತ್ತಾರೆ. ಹಿಂದೆ ದೂರದಲ್ಲಿ, ಬಂಡೆಯ ಮೇಲೆ, ಬತ್ತಲೆಯಾಗಿ ನಿಂತ ಒಂದು ಮೂರ್ತಿ. ಅದು ನಮ್ಮ ಕಾರ್ಕಳದ ಗೊಮ್ಮಟ! 1432ರಲ್ಲಿ ವೀರಪಾಂಡ್ಯ ಭೈರರಸ ನಿಲ್ಲಿಸಿದ, 42 ಅಡಿ ಎತ್ತರದ ಆ ಮೂರ್ತಿಯನ್ನು ಶಾಲೆಯ ಪ್ರವಾಸದಲ್ಲಿ ನೋಡದ ಮಕ್ಕಳು ನಮ್ಮ ಕಡೆಯಲ್ಲಿ ಕಡಿಮೆ. ಇಡೀ ಹಿಂದುಸ್ಥಾನವನ್ನು ಅಳೆಯಿಸಿದವನು ತನ್ನ ಬೆನ್ನ ಹಿಂದೆ ತುಳುನಾಡಿನ ಒಂದು ಗುಡ್ಡವನ್ನು ಇರಿಸಿಕೊಂಡನೆಂಬುದು ಸಣ್ಣ ಮಾತಲ್ಲ. ಅದಕ್ಕಿಂತಲೂ ದೊಡ್ಡ ಮಾತೆಂದರೆ, ಆ ಕಾಲದ ಬಿಳಿಯ ಅಧಿಕಾರಿಯೊಬ್ಬ ತನ್ನ ಚಿತ್ರದಲ್ಲಿ ತನಗಾಗಿ ಓದಿದವರಿಗೂ ನಿಲ್ಲಲು ಜಾಗ ಕೊಟ್ಟದ್ದು.

1821ರ ಮೇ 8ರಂದು ಕಲ್ಕತ್ತೆಯ ಬಳಿ ಮೆಕೆಂಜಿ ತೀರಿಕೊಂಡ. ಅವನ ಸಂಗ್ರಹವನ್ನು ಸರಕಾರ ಅವನ ಹೆಂಡತಿಯಿಂದ ಒಂದು ಲಕ್ಷ ರೂಪಾಯಿಗೆ ಕೊಂಡಿತು. 1828ರಲ್ಲಿ ಹೊರೇಸ್ ವಿಲ್ಸನ್ ಅದರ ಪಟ್ಟಿ ಮಾಡಿ ಪ್ರಕಟಿಸಿದ. 1,568 ಹಸ್ತಪ್ರತಿಗಳು, 8,076 ಶಾಸನ ಪಾಠಗಳು, 2,070 ಸ್ಥಳೀಯ ವೃತ್ತಾಂತಗಳು, 2,630 ಚಿತ್ರಗಳು, 6,218 ನಾಣ್ಯಗಳು, ಬರಿಯ 79 ನಕ್ಷೆಗಳು. ದಿನವಿಡೀ ಅಂಕಿಗಳ ನಡುವೆ ಇರುವ ನನಗೆ ಈ ಕೊನೆಯ ಅಂಕಿ ಬಹಳ ಮಾತಾಡಿಸುತ್ತದೆ. ಸರ್ವೇಯರ್ ಜನರಲ್ ಬಿಟ್ಟುಹೋದ ರಾಶಿಯಲ್ಲಿ ನಕ್ಷೆಗಳೇ ಕಡಿಮೆ. ಉಳಿದದ್ದೆಲ್ಲ ಜನರ ಮಾತು.

ಕತೆಯ ಕೊನೆ ಸುಖದ್ದಲ್ಲ. ಮೆಕೆಂಜಿ ಸತ್ತ ಮೇಲೆ ಆ ಕೆಲಸವನ್ನು ತಾನು ಮುಂದುವರಿಸುತ್ತೇನೆಂದು ಲಕ್ಷ್ಮಯ್ಯ ಸರಕಾರವನ್ನು ಕೇಳಿಕೊಂಡ. ಕಲ್ಕತ್ತೆಯ ಏಷಿಯಾಟಿಕ್ ಸೊಸೈಟಿಯ ಅಭಿಪ್ರಾಯ ಕೇಳಲಾಯಿತು. ಈ ನಾಡಿನವನೊಬ್ಬ ಇಂಥ ಕೆಲಸದ ಮೇಲ್ವಿಚಾರಣೆ ನಡೆಸಲಾರನೆಂಬ ಧಾಟಿಯ ಉತ್ತರ ಬಂತು. ಇಪ್ಪತ್ತಕ್ಕೂ ಹೆಚ್ಚು ವರ್ಷ ಆ ಕೆಲಸವನ್ನು ನಿಜವಾಗಿ ಮಾಡಿದವನೇ ಅವನು! ಓಲೆಗರಿಗಳಲ್ಲಿ ಕೆಲವು ಲಂಡನ್ನಿಗೆ ಹೋದುವು, ಬಹಳಷ್ಟು ಮದರಾಸಿನಲ್ಲಿ ಉಳಿದುವು. ಕನ್ನಡದ ಕೈಫಿಯತ್ತುಗಳು ಒಟ್ಟಾಗಿ ಓದುಗರ ಕೈಗೆ ಸಿಕ್ಕಿದ್ದು 1994ರಲ್ಲಿ, ಡಾ. ಎಂ. ಎಂ. ಕಲಬುರ್ಗಿಯವರು ಸಂಪಾದಿಸಿ ಹಂಪಿಯ ಕನ್ನಡ ವಿಶ್ವವಿದ್ಯಾಲಯ ಪ್ರಕಟಿಸಿದಾಗ.

ಮೆಕೆಂಜಿಯನ್ನು ಹೊಗಳಿ ಅಟ್ಟಕ್ಕೇರಿಸುವುದು ನನ್ನ ಉದ್ದೇಶವಲ್ಲ. ಅವನು ಕಂಪೆನಿಯ ಸಂಬಳದ ಆಳು. ಅವನ ನಕ್ಷೆ ಸೈನ್ಯದ ದಾರಿಗೂ ಕಂದಾಯದ ಲೆಕ್ಕಕ್ಕೂ ಒದಗಿತು. ಆದರೆ ಗೆರೆ ಎಳೆಯುವ ಮೊದಲು ಊರಿನವರ ಮಾತು ಕೇಳಬೇಕು, ಕೇಳಿದ್ದನ್ನು ಗೆರೆಯ ಪಕ್ಕದಲ್ಲೇ ಇಡಬೇಕು ಎಂಬುದು ಅವನಿಗೆ ತಿಳಿದಿತ್ತು. ಅವನ ಅನಂತರ ಗೆರೆ ಎಳೆದವರಿಗೆಲ್ಲ ಅದು ತಿಳಿದಿತ್ತೆಂದು ಹೇಳಲಾರೆ.

ಚಂದ್ರಗಿರಿಯ ಗೆರೆ

ಮೆಕೆಂಜಿಯ ಮೈಸೂರು ಸರ್ವೆ ನಮ್ಮ ಚಂದ್ರಗಿರಿ ಹೊಳೆಯವರೆಗೆ ಬಂದದ್ದಲ್ಲ. ಇಲ್ಲಿಗೆ ಬಂದವನು ಅವನ ಸಮಕಾಲೀನ ಫ್ರಾನ್ಸಿಸ್ ಬುಕಾನನ್. 1801ರ ಆರಂಭದಲ್ಲಿ ಮಲಬಾರಿನಿಂದ ಉತ್ತರಕ್ಕೆ ಹೊರಟ ಈ ವೈದ್ಯ ನೀಲೇಶ್ವರ, ಹೊಸದುರ್ಗ, ಬೇಕಲ, ಚಂದ್ರಗಿರಿ, ಕುಂಬಳೆ, ಮಂಜೇಶ್ವರದ ದಾರಿಯಾಗಿ ಮಂಗಳೂರಿಗೆ ಹೋದ. 1807ರಲ್ಲಿ ಅಚ್ಚಾದ ಅವನ ಪ್ರವಾಸ ಗ್ರಂಥದಲ್ಲಿ, ಇಕ್ಕೇರಿಯ ಶಿವಪ್ಪ ನಾಯಕ ಕಟ್ಟಿಸಿದ ಚಂದ್ರಗಿರಿ ಕೋಟೆಯ ಬುಡದಲ್ಲಿ ಹರಿಯುವ ಹೊಳೆಯೇ ಮಲಯಾಳ ದೇಶಕ್ಕೂ ತುಳುವ ದೇಶಕ್ಕೂ ಗಡಿ ಎಂದು ಬರೆದ. ಅದು ಅವನ ಕಲ್ಪನೆಯಲ್ಲ, ಇಲ್ಲಿಯವರಿಂದ ಕೇಳಿದ್ದು.

ಆ ಹೊಳೆ ಗಡಿಯಾಗಿದ್ದಾಗಲೂ ಗೋಡೆಯಾಗಿರಲಿಲ್ಲ ಎಂಬುದನ್ನೂ ಹೇಳಬೇಕು. ಹೊಳೆಯ ಎರಡು ದಡಗಳೂ ಒಂದೇ ಜಿಲ್ಲೆಯಲ್ಲಿದ್ದುವು. 1799ರಿಂದ ಕಂಪೆನಿಯ ಕೆನರಾ ಜಿಲ್ಲೆ; 1862ರಲ್ಲಿ ಉತ್ತರ ಕನ್ನಡ ಮುಂಬಯಿ ಪ್ರಾಂತಕ್ಕೆ ಹೋದ ಮೇಲೆ ಮದರಾಸು ಪ್ರಾಂತದ ದಕ್ಷಿಣ ಕನ್ನಡ ಜಿಲ್ಲೆ. ಕಾಸರಗೋಡು ತಾಲೂಕು ಅದರ ದಕ್ಷಿಣದ ತುದಿ. ಕನ್ನಡ, ತುಳು, ಮಲಯಾಳ, ಕೊಂಕಣಿ, ಮರಾಠಿ, ಉರ್ದು, ಬ್ಯಾರಿ ಮಾತಾಡುವವರು ಒಂದೇ ಸಂತೆಗೆ ಬರುತ್ತಿದ್ದರು. ಈಗಲೂ ಬರುತ್ತಾರೆ.

1955ರಲ್ಲಿ ರಾಜ್ಯ ಪುನರ್ವಿಂಗಡಣಾ ಆಯೋಗ ತನ್ನ ವರದಿಯಲ್ಲಿ ಇಡೀ ಕಾಸರಗೋಡು ತಾಲೂಕನ್ನು ಕೇರಳಕ್ಕೆ ಸೇರಿಸಲು ಹೇಳಿತು. 1956ರ ನವೆಂಬರ್ 1ರಂದು ಅದು ಜಾರಿಗೆ ಬಂತು. ನನ್ನ ಅಜ್ಜ ಆ ಹಿಂದಿನ ದಿನ ಗದ್ದೆಯ ಕೆಲಸ ಅರ್ಧ ಮಾಡಿ ಬಂದಿದ್ದರಂತೆ. ಮರುದಿನ ಉಳಿದ ಅರ್ಧ ಮಾಡಿದರು. ಗದ್ದೆ ಅದೇ, ಎತ್ತು ಅದೇ, ರಾಜ್ಯ ಬೇರೆ. ಅಪ್ಪ ಇದನ್ನು ಹೇಳುವಾಗ ನಗುತ್ತಿದ್ದರು. ಆದರೆ ಅದೇ ಅಪ್ಪ, ಸರಕಾರಿ ಕಚೇರಿಯಿಂದ ಬಂದ ಕಾಗದ ಓದಿ ಹೇಳಲು ಪಕ್ಕದ ಮನೆಯ ಹುಡುಗನನ್ನು ಕರೆಯಬೇಕಾದಾಗ ನಗುತ್ತಿರಲಿಲ್ಲ.

ಆಮೇಲಿನದು ಓದುಗರಿಗೆ ತಿಳಿದದ್ದೇ. 1966ರಲ್ಲಿ ನೇಮಕವಾದ ಮಹಾಜನ ಆಯೋಗ 1967ರ ವರದಿಯಲ್ಲಿ ಚಂದ್ರಗಿರಿಯ ಉತ್ತರದ ಭಾಗ ಮೈಸೂರು ರಾಜ್ಯಕ್ಕೆ ಸೇರಬೇಕೆಂದಿತು. ಅದು ಜಾರಿಗೆ ಬರಲಿಲ್ಲ. 1984ರ ಮೇ 24ರಂದು ಕಾಸರಗೋಡು ಕೇರಳದ ಪ್ರತ್ಯೇಕ ಜಿಲ್ಲೆಯಾಯಿತು. ಇಂದು ಆ ಗೆರೆಯನ್ನು ಮತ್ತೆ ಎಳೆಯಬೇಕೆಂದು ವಾದಿಸುವುದು ಈ ಲೇಖನದ ಉದ್ದೇಶವಲ್ಲ. ನನ್ನ ಮಗಳು ಕನ್ನಡ ಮಾಧ್ಯಮದಲ್ಲಿ ಓದುತ್ತಾಳೆ, ಮಲಯಾಳದಲ್ಲಿ ಜಗಳವಾಡುತ್ತಾಳೆ, ತುಳುವಿನಲ್ಲಿ ಅಜ್ಜಿಯೊಡನೆ ಮಾತಾಡುತ್ತಾಳೆ. ನನ್ನ ಆಪ್ತ ಗೆಳೆಯರಲ್ಲಿ ಅರ್ಧ ಮಂದಿ ಈ ಸಂಚಿಕೆಯ ಮಲಯಾಳ ಪುಟಗಳನ್ನು ಓದುವವರು. ಗೆರೆ ಎಲ್ಲಿದೆ ಎಂಬುದಕ್ಕಿಂತ, ಗೆರೆಯ ಪಕ್ಕದ ಪುಸ್ತಕ ಎಲ್ಲಿದೆ ಎಂಬುದೇ ನನ್ನ ಪ್ರಶ್ನೆ.

ಹೆಸರುಗಳನ್ನೇ ನೋಡಿ. ಬದಿಯಡ್ಕ, ಕಾರಡ್ಕ, ಬೇಡಡ್ಕ. ಅಡ್ಕವೆಂದರೆ ಬೇಸಾಯಕ್ಕೆ ಒದಗದ, ಬಯಲಾದ ಒಣನೆಲವೆಂದು ತುಳು ಬಲ್ಲವರಿಗೆಲ್ಲ ಗೊತ್ತು. ಅದನ್ನು ಅಡುಕ್ಕ ಎಂದು ಬರೆದಾಗ ಉಚ್ಚಾರ ಸ್ವಲ್ಪ ಮಾತ್ರ ಬದಲಾಯಿತೆನಿಸಬಹುದು. ಆದರೆ ಆ ನೆಲ ಎಂಥದ್ದೆಂದು ಹೇಳುತ್ತಿದ್ದ ಮಾತು ಸುಮ್ಮನಾಗುತ್ತದೆ. ಹೊಸದುರ್ಗಕ್ಕೆ ಮಲಯಾಳದಲ್ಲಿ ಪುದಿಯಕೋಟ ಎಂದೂ ಹೆಸರುಂಟು. ಅಲ್ಲಿ ಮಾತು ಬೇರೆಯಾದರೂ ಅರ್ಥ ಉಳಿದಿದೆ. ಎರಡು ಭಾಷೆಯವರೂ ಒಂದೇ ಕೋಟೆಯನ್ನು ನೋಡಿ ಕರೆದ ಹೆಸರು ಅದು. ಇಂಥ ಜೋಡಿ ಹೆಸರುಗಳು ನಮ್ಮ ಸಂಪತ್ತು. 2021ರಲ್ಲಿ ನಮ್ಮ ಹಳ್ಳಿಗಳ ಹೆಸರು ಬದಲಾಗುತ್ತದೆ ಎಂಬ ಸುದ್ದಿ ಎದ್ದು ಗಡಿಯ ಎರಡು ಕಡೆಗಳಲ್ಲೂ ಗದ್ದಲವಾಯಿತು. ಆಗ ನನಗನಿಸಿದ್ದು ಇಷ್ಟು: ಬದಲಾಯಿಸಲು ಯಾರೂ ಆಜ್ಞೆ ಹೊರಡಿಸಬೇಕಾಗಿಲ್ಲ. ಹೆಸರಿನ ಅರ್ಥ ಬಲ್ಲವರು ಮನೆಯಲ್ಲಿ ಇಲ್ಲದಾದರೆ ಅದು ತಾನಾಗಿ ಬದಲಾಗುತ್ತದೆ.

ನಮ್ಮವರ ಕೈಫಿಯತ್ತು

ನಮ್ಮಲ್ಲಿ ಇಂಥ ಕೆಲಸ ಮಾಡಿದವರು ಇಲ್ಲವೆಂದಲ್ಲ. ಮಂಜೇಶ್ವರದ ಗೋವಿಂದ ಪೈಗಳು ತಮ್ಮ ಮನೆಯಲ್ಲೇ ಕುಳಿತು ಗ್ರೀಕರ ಬರಹಗಳವರೆಗೆ ಕಣ್ಣು ಹಾಯಿಸಿ ತುಳುನಾಡಿನ ಪ್ರಾಚೀನತೆಯನ್ನು ಹುಡುಕಿದರು. ಈಜಿಪ್ಟಿನ ಮರಳಿನಲ್ಲಿ ಸಿಕ್ಕಿದ ಗ್ರೀಕ್ ಪ್ರಹಸನದಲ್ಲಿ ಕನ್ನಡದ ಮಾತುಗಳಿವೆಯೇ ಎಂಬ ಚರ್ಚೆಯಲ್ಲಿ ಪಾಲುಗೊಂಡವರಲ್ಲಿ ಅವರೂ ಒಬ್ಬರು. 1949ರಲ್ಲಿ ಮದರಾಸು ಸರಕಾರ ರಾಷ್ಟ್ರಕವಿ ಎಂದು ಕರೆದ ಆ ಹಿರಿಯರು ತಮ್ಮ ಊರು ರಾಜ್ಯ ಬದಲಾಯಿಸಿದ್ದನ್ನೂ ಕಂಡು, 1963ರಲ್ಲಿ ತೀರಿಕೊಂಡರು. ಪುಂಡೂರಿನ ವೆಂಕಟರಾಜ ಪುಣಿಂಚತ್ತಾಯರು ಹಳೆಯ ಮನೆಗಳ ಅಟ್ಟಗಳಿಂದ ತುಳು ಲಿಪಿಯ ಓಲೆಗಳನ್ನು ಹುಡುಕಿ ತೆಗೆದು 'ಶ್ರೀ ಭಾಗವತೊ' ಎಂಬ ಪ್ರಾಚೀನ ತುಳು ಕಾವ್ಯವನ್ನು ಬೆಳಕಿಗೆ ತಂದರು. ತುಳುವಿಗೆ ಹಳೆಯ ಸಾಹಿತ್ಯವೇ ಇಲ್ಲ ಎನ್ನುತ್ತಿದ್ದವರು ಆಮೇಲೆ ಹಾಗೆನ್ನಲಿಲ್ಲ. ಧರ್ಮಯ್ಯ, ಲಕ್ಷ್ಮಯ್ಯರ ಸಾಲಿನಲ್ಲಿ ನಾನು ಇವರನ್ನೂ ನಿಲ್ಲಿಸುತ್ತೇನೆ.

ಆದರೆ ಎಲ್ಲವನ್ನೂ ವಿದ್ವಾಂಸರೇ ಮಾಡಲಿ ಎಂದು ಕಾದರೆ ಆಗಲಿಕ್ಕಿಲ್ಲ. ಆ ಶನಿವಾರದ ಅನಂತರ ನಾನೊಂದು ನೋಟುಬುಕ್ಕು ಮಾಡಿದ್ದೇನೆ. ನಮ್ಮ ಗ್ರಾಮದ ಯಾವ ಗದ್ದೆಗೆ ಏನು ಹೆಸರು, ಯಾವುದು ಬೈಲು, ಯಾವುದು ಮಜಲು, ಯಾವುದು ಬೆಟ್ಟು, ಯಾವ ಕಟ್ಟೆ ಯಾರು ಕಟ್ಟಿಸಿದ್ದು, ಯಾವ ದೈವದ ಭಂಡಾರ ಯಾವ ದಾರಿಯಲ್ಲಿ ಹೋಗುತ್ತದೆ ಎಂದು ಹಿರಿಯರಿಂದ ಕೇಳಿ ಬರೆಯುತ್ತಿದ್ದೇನೆ. ಎದುರಿನ ಪುಟದಲ್ಲಿ ಅದೇ ಜಾಗಕ್ಕೆ ಮಲಯಾಳದವರು ಏನೆನ್ನುತ್ತಾರೆಂದು ನನ್ನ ಸಹೋದ್ಯೋಗಿ ಗೆಳೆಯರೊಬ್ಬರು ಬರೆದುಕೊಡುತ್ತಿದ್ದಾರೆ. ಈವರೆಗೆ ಆದದ್ದು ನಲವತ್ತೇಳು ಹೆಸರುಗಳು. ಅವುಗಳಲ್ಲಿ ಒಂಬತ್ತನ್ನು ಹೇಳಿದವರು ಈಗ ಇಲ್ಲ.

ಆ ಹಿರಿಯರ ಸಾಲ ಮಂಜೂರಾಯಿತು. ಭಾಷಾಂತರವನ್ನು ನಾನೇ ಬರೆದು, ದೃಢೀಕರಿಸುವವರಿಂದ ಸಹಿ ಮಾಡಿಸಿ, ಕಡತಕ್ಕೆ ಸೇರಿಸಿದೆ. ಜಾಗ ನೋಡಿ ಬರುವ ಕ್ರಮದಂತೆ ಅಧಿಕಾರಿಗಳೊಡನೆ ನಾನೂ ಹೋಗಿದ್ದೆ. ಪೂರ್ವಕ್ಕೆ ನಾಗಬನ ಇತ್ತು. ಅಗಳು ಅರ್ಧ ಮುಚ್ಚಿತ್ತು. ದಕ್ಷಿಣಕ್ಕೆ ತೋಡು ಇತ್ತು. ಉತ್ತರದ ಬೆಟ್ಟುಗದ್ದೆಯಲ್ಲಿ ಮನೆಗಳೆದ್ದಿದ್ದುವು. ಪಶ್ಚಿಮಕ್ಕೆ ಬಂದಾಗ ಹಿರಿಯರು ನಿಂತರು. ರಾಷ್ಟ್ರೀಯ ಹೆದ್ದಾರಿ ಆರು ಪಥಗಳದ್ದಾಗುವಾಗ ಗೋಳಿಮರ ಹೋಗಿದೆ. ಅಲ್ಲಿ ಕಾಂಕ್ರೀಟಿನ ಗೋಡೆ, ಅದರಾಚೆ ಲಾರಿಗಳ ಸದ್ದು. "ಮರ ಇದ್ದದ್ದು ಇಲ್ಲಿಯೇ. ಅದರ ಬುಡದಲ್ಲಿ ಕುಳಿತು ನನ್ನ ಅಜ್ಜ ಗೇಣಿ ಅಕ್ಕಿ ಲೆಕ್ಕ ಮಾಡುತ್ತಿದ್ದರು. ಬರೆದುಕೊಳ್ಳಿ" ಎಂದರು.

ಅಧಿಕಾರಿಗಳು ತಮ್ಮ ವರದಿಯಲ್ಲಿ ಪಶ್ಚಿಮಕ್ಕೆ ರಾಷ್ಟ್ರೀಯ ಹೆದ್ದಾರಿ ಎಂದು ಬರೆದರು. ಅದೇ ಸರಿ. ನಾನು ನನ್ನ ನೋಟುಬುಕ್ಕಿನಲ್ಲಿ ಗೋಳಿಮರವನ್ನೂ ಬರೆದೆ. ಓದುಗರ ಮನೆಯ ಹಳೆಯ ಪೆಟ್ಟಿಗೆಗಳಲ್ಲೂ ಇಂಥ ಆಧಾರಗಳು ಇರಬಹುದು. ಗೆದ್ದಲು ಹಿಡಿಯುವ ಮೊದಲು ಒಮ್ಮೆ ತೆಗೆದು, ಚಕ್ಕುಬಂದಿಯ ಭಾಗವನ್ನಾದರೂ ಮಕ್ಕಳಿಂದ ಗಟ್ಟಿಯಾಗಿ ಓದಿಸಿ. ಓದಲು ತಡವರಿಸಿದರೆ ಬೇಸರಿಸಬೇಡಿ. ಪಕ್ಕದಲ್ಲಿ ಕುಳಿತು ನೀವೂ ಓದಿ.